ಹಟ್ಟಿಯ ಹೆಣ ಮತ್ತು ಸೆನ್ಸಾರಿನ ಕತ್ತರಿ

ಪುಣಜನೂರಿನಲ್ಲಿ ಒಂದು ಚೆಕ್‌ಪೋಸ್ಟ್ ಇದೆ. ಚಾಮರಾಜನಗರದಿಂದ ಸತ್ಯಮಂಗಲದ ಕಡೆ ಹೋಗುವವರು ಅದನ್ನು ದಾಟಿಯೇ ಕಾಡು ಹೊಗಬೇಕು. ಕಾಡಿಂದ ಏನು ಹೊರಗೆ ಬರಬಹುದು, ಏನು ಬರಬಾರದು, ಯಾರು ಯಾವ ಹೊತ್ತಿನಲ್ಲಿ ಹೋಗಬಹುದು, ಎಲ್ಲಕ್ಕೂ ಅಲ್ಲಿ ಲೆಕ್ಕ. ಅದಕ್ಕೆ ಹತ್ತಿರದ ಒಂದು ಊರಿನಲ್ಲಿ ನಾವು ಒಂದು ರಾತ್ರಿ ‘ಸಂಸ್ಕಾರ’ ಸಿನಿಮಾ ತೋರಿಸಿದೆವು. ಎರಡು ಕಂಬದ ನಡುವೆ ಬಿಳಿ ಪಂಚೆ ಕಟ್ಟಿ, ಬಾಡಿಗೆಗೆ ತಂದ ಪ್ರೊಜೆಕ್ಟರನ್ನು ಸ್ಟೂಲಿನ ಮೇಲೆ ಇಟ್ಟು ತೋರಿಸಿದ್ದು. ಅರಿಸಿನದ ಹೊಲದಲ್ಲಿ ಕೂಲಿ ಮುಗಿಸಿ ಬಂದವರು, ಬೆಟ್ಟದ ಕಡೆಯ ನಾಲ್ಕಾರು ಸೋಲಿಗ ಹುಡುಗರು, ಇಬ್ಬರು ಮೇಷ್ಟ್ರು, ಲೆಕ್ಕವಿಲ್ಲದಷ್ಟು ಮಕ್ಕಳು. ಅರ್ಧ ಸಿನಿಮಾಕ್ಕೆ ಮಕ್ಕಳೆಲ್ಲ ನಿದ್ದೆ ಹೋದವು. ದೊಡ್ಡವರು ಕೂತು ನೋಡಿದರು.

ಮುಗಿದ ಮೇಲೆ ನಮ್ಮ ಗೆಳೆಯನೊಬ್ಬ ಎದ್ದು ಭಾಷಣ ಶುರು ಮಾಡಿದ. 1970ರಲ್ಲಿ ಈ ಚಿತ್ರವನ್ನು ಸೆನ್ಸಾರಿನವರು ತಡೆದರು, ಜಾತಿಯ ಬಗ್ಗೆ ಹೀಗೆ ಮಾತಾಡಿದರೆ ಜನರಲ್ಲಿ ಕ್ಷೋಭೆಯಾಗುತ್ತದೆ ಅಂದರು, ಕೊನೆಗೆ ಕಲಾವಿದರು ಗೆದ್ದರು, ಹೀಗೆ. ಅವನು ಹೇಳಿದ್ದರಲ್ಲಿ ಸುಳ್ಳೇನೂ ಇರಲಿಲ್ಲ. ಆದರೆ ಮುಂದೆ ಕೂತಿದ್ದ ಒಬ್ಬ ಮುದುಕಿ ಅವನನ್ನು ಅಲ್ಲಿಗೇ ತಡೆದಳು.

“ಅದ್ಸರಿ ಕನಪ್ಪ. ಆರುವ್ರ ಬೀದೀಲಿ ಒಂದ್ ಹೆಣಕ್ಕೆ ಇಷ್ಟೊಂದ್ ಪಂಚಾಯ್ತಿ ಆಯ್ತಲ್ಲ, ಆ ಇಲಿ ಹಟ್ಟಿಗೂ ಬಂದಿರ್ಬೇಕಲ್ಲ? ಅಲ್ಲಿ ಸತ್ತೋರ್ನ ಯಾರ್ ಎತ್ತುದ್ರು?”

ನಮ್ಮ ಗೆಳೆಯನಿಗೆ ಉತ್ತರ ಹೊಳೆಯಲಿಲ್ಲ. ನಮಗೂ ಹೊಳೆಯಲಿಲ್ಲ. ಈ ಲೇಖನ ಆ ಮುದುಕಿಯ ಪ್ರಶ್ನೆಯಿಂದ ಹುಟ್ಟಿದ್ದು.

ಮೊದಲು ಆದದ್ದೇನು ಅಂತ ಹೇಳಬೇಕು. ಯು.ಆರ್. ಅನಂತಮೂರ್ತಿಯವರ ಕಾದಂಬರಿ ಬಂದದ್ದು 1965ರಲ್ಲಿ. ಅದನ್ನು ಸಿನಿಮಾ ಮಾಡಿದವರು ಪಟ್ಟಾಭಿರಾಮ ರೆಡ್ಡಿ. ಚಿತ್ರಕಥೆ ಗಿರೀಶ್ ಕಾರ್ನಾಡರದು, ಪ್ರಾಣೇಶಾಚಾರ್ಯನ ಪಾತ್ರವೂ ಅವರದೇ. ಆಚಾರಗೆಟ್ಟ ನಾರಣಪ್ಪನಾಗಿ ಪಿ. ಲಂಕೇಶ್, ಚಂದ್ರಿಯಾಗಿ ಸ್ನೇಹಲತಾ ರೆಡ್ಡಿ. ಸಂಗೀತ ರಾಜೀವ ತಾರಾನಾಥರದು. ಕ್ಯಾಮೆರಾ ಹಿಡಿದವರು ಆಸ್ಟ್ರೇಲಿಯಾದ ಟಾಮ್ ಕೊವನ್. ಸ್ಟುಡಿಯೋದ ಸೆಟ್ಟಿಲ್ಲ, ಹಾಡಿಲ್ಲ, ಕುಣಿತವಿಲ್ಲ, ಬಣ್ಣವೂ ಇಲ್ಲ. ಆಗ ಕನ್ನಡ ಚಿತ್ರಗಳ ಹಣೆಬರಹ ಬರೆಯುತ್ತಿದ್ದದ್ದು ಮದರಾಸಿನಲ್ಲಿ. ಅಲ್ಲಿಯ ಸೆನ್ಸಾರಿನವರು ಈ ಚಿತ್ರಕ್ಕೆ ಪ್ರಮಾಣಪತ್ರ ಕೊಡಲಿಲ್ಲ. ಕೊನೆಗೆ ದೆಹಲಿಯ ವಾರ್ತಾ ಮತ್ತು ಪ್ರಸಾರ ಸಚಿವಾಲಯ ಬಿಡುಗಡೆಗೆ ಒಪ್ಪಿತು. ತಡೆದ ಸರ್ಕಾರವೇ ಆ ವರ್ಷದ ಅತ್ಯುತ್ತಮ ಚಿತ್ರ ಅಂತ ಸ್ವರ್ಣಕಮಲವನ್ನೂ ಕೊಟ್ಟಿತು. ಕನ್ನಡಕ್ಕೆ ಅದು ಮೊದಲ ಸ್ವರ್ಣಕಮಲ.

ಇದನ್ನು ನಮ್ಮ ಸಿನಿಮಾ ಪಂಡಿತರು ಒಂದು ವಿಜಯಕತೆಯಾಗಿ ಹೇಳುತ್ತಾರೆ. ನಾವು ಅದನ್ನು ಬೇಡ ಅನ್ನುವುದಿಲ್ಲ. ಬ್ರಾಹ್ಮಣ್ಯದ ಹೊಟ್ಟೆಯೊಳಗಿಂದಲೇ ಒಬ್ಬ ಬರಹಗಾರ ಎದ್ದು, ಈ ಆಚಾರ ಹೆಣದಷ್ಟೇ ಕೊಳೆತಿದೆ ಅಂದದ್ದು ಸಣ್ಣ ಮಾತಲ್ಲ. ಪುರೋಹಿತಶಾಹಿಗೆ ಉರಿ ಹತ್ತಿದ್ದೇ ಅದಕ್ಕೆ ಸಾಕ್ಷಿ. ಆದರೆ ಮುದುಕಿಯ ಪ್ರಶ್ನೆಗೆ ಉತ್ತರ ಇದರಲ್ಲಿಲ್ಲ.

ಉತ್ತರಕ್ಕೆ ನಾವು ಕಾದಂಬರಿಗೇ ವಾಪಸು ಹೋದೆವು. ಅಲ್ಲಿದೆ. ಅಗ್ರಹಾರದವರು ನಾರಣಪ್ಪನ ಹೆಣಕ್ಕೆ ಯಾರು ಕೊಳ್ಳಿ ಇಡಬೇಕು ಅಂತ ಶಾಸ್ತ್ರದ ಹಾಳೆ ತಿರುವುತ್ತಿರುವ ಹೊತ್ತಿನಲ್ಲೇ ಹೊಲೆಯರ ಗುಡಿಸಲುಗಳಲ್ಲೂ ಜನ ಸಾಯುತ್ತಾರೆ. ಸತ್ತವರನ್ನು ಒಳಗೇ ಬಿಟ್ಟು ಗುಡಿಸಲಿಗೆ ಬೆಂಕಿ ಹಾಕುತ್ತಾರೆ. ಅಷ್ಟೇ. ಮಂತ್ರವಿಲ್ಲ, ಚರ್ಚೆಯಿಲ್ಲ, ಯಾವ ಆಚಾರ್ಯನೂ ಮಾರುತಿಯ ಗುಡಿಗೆ ಹೋಗಿ ಪ್ರಸಾದ ಕೇಳುವುದಿಲ್ಲ. ಬೆಳ್ಳಿ ಅನ್ನುವ ಹೆಣ್ಣುಮಗಳ ತಂದೆ ತಾಯಿ ಹೀಗೆ ಹೋಗುತ್ತಾರೆ. ಅಗ್ರಹಾರದ ಹೆಣಕ್ಕೆ ಕೊನೆಗೆ ಬೆಂಕಿ ಕಾಣಿಸಿದವನಾದರೂ ಯಾರು? ಚಂದ್ರಿ ಕರೆದ ಒಬ್ಬ ಮುಸಲ್ಮಾನ. ಶಾಸ್ತ್ರ ಬಲ್ಲವರು ಉಪವಾಸ ಕೂತಿದ್ದಾಗ ಕೆಲಸ ಮಾಡಿದವರು ಒಬ್ಬ ಸೂಳೆ ಅನಿಸಿಕೊಂಡವಳು, ಒಬ್ಬ ಸಾಬಿ ಅನಿಸಿಕೊಂಡವನು. ಅನಂತಮೂರ್ತಿ ಇದನ್ನು ಬರೆದಿದ್ದಾರೆ, ಅವರಿಗೆ ಕಂಡಿದೆ. ಆದರೆ ಕತೆಯ ನೋವು, ಕತೆಯ ಪ್ರಶ್ನೆ, ಕತೆಯ ಪ್ರಯಾಣ ಎಲ್ಲ ಪ್ರಾಣೇಶಾಚಾರ್ಯನದು. ಹಟ್ಟಿಯ ಹೆಣ ಪಕ್ಕದ ಹೊಗೆ ಮಾತ್ರ.

ಈಗ ಸೆನ್ಸಾರನ್ನು ನೋಡಿ. ಮದರಾಸಿನ ಕೋಣೆಯಲ್ಲಿ ಕೂತು ಚಿತ್ರ ನೋಡಿದವರಿಗೆ ಯಾವುದು ಅಪಾಯ ಅನಿಸಿತು? ಜಾತಿಯ ಬಗ್ಗೆ ಮಾತಾಡಿದ್ದು. ಯಾರಿಗೆ ನೋವಾಗುತ್ತದೆ ಅಂತ ಅವರು ಹೆದರಿದರು? ಅಗ್ರಹಾರಕ್ಕೆ. ಹಟ್ಟಿಗೆ ನೋವಾದೀತು ಅಂತ ಯಾರೂ ಹೆದರಲಿಲ್ಲ. ಹಟ್ಟಿಯ ಜನ ಅರ್ಜಿ ಬರೆಯುವವರಲ್ಲ, ಅವರ ‘ಭಾವನೆ’ಗೆ ಧಕ್ಕೆಯಾದರೆ ಲೆಕ್ಕಕ್ಕೆ ಬರುವ ಕಾಲವೂ ಅದಾಗಿರಲಿಲ್ಲ. ಸೆನ್ಸಾರಿನ ಕತ್ತರಿಗೂ ಒಂದು ಜಾತಿ ಇದೆ ಅಂತ ನಾವು ಹೇಳಿದರೆ ಕೆಲವರು ಸಿಟ್ಟಾಗುತ್ತಾರೆ. ಆಗಲಿ.

ಇನ್ನೂ ಒಂದು ಮಾತು. ‘ಸಂಸ್ಕಾರ’ದಲ್ಲಿ ಹಟ್ಟಿಯ ಹುಡುಗಿಯ ಹೆಸರು ಬೆಳ್ಳಿ. ಶಿವರಾಮ ಕಾರಂತರು 1933ರಲ್ಲಿ ಬರೆದ ‘ಚೋಮನ ದುಡಿ’ಯಲ್ಲೂ ಚೋಮನ ಮಗಳ ಹೆಸರು ಬೆಳ್ಳಿ. ಒಬ್ಬಳ ಮೇಲೆ ಅಗ್ರಹಾರದ ಹುಡುಗ ಶ್ರೀಪತಿಯ ಕಣ್ಣು. ಇನ್ನೊಬ್ಬಳ ಮೇಲೆ ಕಾಫಿ ತೋಟದ ಮ್ಯಾನ್ವೆಲನ ಕಣ್ಣು, ಅವನಾದ ಮೇಲೆ ತೋಟದ ದೊರೆಯ ಕಣ್ಣು. ಇದು ಬೇಕೆಂದು ಆದದ್ದಲ್ಲ, ನಮಗೆ ಗೊತ್ತು. ಆದರೂ ಎರಡು ದೊಡ್ಡ ಕೃತಿಗಳಲ್ಲಿ ನಮ್ಮ ಹೆಣ್ಣುಮಕ್ಕಳು ಒಂದೇ ಹೆಸರು ಹೊತ್ತು ಬೇರೆಯವರ ಆಸೆಗೆ ಒದಗುವವರಾಗಿಯೇ ಬರುತ್ತಾರೆ. ಬೆಳ್ಳಿಗೆ ಏನು ಬೇಕಿತ್ತು, ತನ್ನ ತಾಯಿ ಉರಿದುಹೋದ ರಾತ್ರಿ ಅವಳು ಎಲ್ಲಿ ಕೂತಿದ್ದಳು, ಇದನ್ನು ಬರೆಯುವ ಕೈ ಇನ್ನೂ ಬರಬೇಕಾಗಿತ್ತು.

‘ಚೋಮನ ದುಡಿ’ಯನ್ನು ಬಿ.ವಿ. ಕಾರಂತರು ಸಿನಿಮಾ ಮಾಡಿದರು. 1975ರ ಸಾಲಿನ ಸ್ವರ್ಣಕಮಲ ಅದಕ್ಕೆ. ಚೋಮನಾದ ಎಂ.ವಿ. ವಾಸುದೇವರಾಯರಿಗೆ ಅತ್ಯುತ್ತಮ ನಟ ಪ್ರಶಸ್ತಿ. ಚೋಮನ ಆಸೆ ಏನು? ಒಂದು ತುಂಡು ನೆಲ ಉಳಬೇಕು ಅನ್ನುವುದು. ಹೊಲೆಯನಾದವನು ಬೇಸಾಯ ಮಾಡಬಾರದು ಅಂತ ಧಣಿಯ ಮನೆ ಒಪ್ಪುವುದಿಲ್ಲ. ಮಗ ಹೊಳೆಯಲ್ಲಿ ಮುಳುಗುವಾಗ ದಡದ ಮೇಲಿನವರು ಮುಟ್ಟಲು ಹೇಸುತ್ತಾರೆ. ಚೋಮ ದುಡಿ ಬಾರಿಸುತ್ತಾ ಸಾಯುತ್ತಾನೆ. ದೇಶದ ಬಾಯಿಗೆ ತುರ್ತುಪರಿಸ್ಥಿತಿಯ ಬೀಗ ಬಿದ್ದಿದ್ದ ದಿನಗಳವು. ದೇವರಾಜ ಅರಸರ ಭೂಸುಧಾರಣೆ ಕಾಯ್ದೆ 1974ರಲ್ಲಿ ಜಾರಿಯಾಗಿ ಎಷ್ಟೋ ಗೇಣಿದಾರರಿಗೆ ನೆಲ ಬಂತು ಅನ್ನುವುದು ನಿಜ. ಚೋಮ ಗೇಣಿದಾರನೂ ಅಲ್ಲ. ಜೀತದವನು, ಕೂಲಿಯವನು. ಅವನ ಪಾಲಿಗೆ ಬಂದದ್ದು ಪ್ರಶಸ್ತಿ.

1977ರಲ್ಲಿ ಗಿರೀಶ್ ಕಾಸರವಳ್ಳಿಯವರ ‘ಘಟಶ್ರಾದ್ಧ’ಕ್ಕೆ ಮತ್ತೆ ಸ್ವರ್ಣಕಮಲ. ಅದೂ ಅನಂತಮೂರ್ತಿಯವರ ಕತೆ, ಅದೂ ಅಗ್ರಹಾರ, ಬಸುರಾದ ಬಾಲವಿಧವೆಗೆ ಬದುಕಿರುವಾಗಲೇ ಶ್ರಾದ್ಧ ಮಾಡಿ ಹೊರಗೆ ಹಾಕುವ ಕ್ರೌರ್ಯ. ಕರುಳು ಹಿಂಡುವ ಚಿತ್ರ. ಎಂಟು ವರ್ಷದಲ್ಲಿ ಮೂರು ಸ್ವರ್ಣಕಮಲ ಅಂತ ಕನ್ನಡಿಗರು ಹೆಮ್ಮೆ ಪಟ್ಟರು. ಮೂರರಲ್ಲಿ ಎರಡು ಅಗ್ರಹಾರದ ಒಳಗೇ ನಡೆಯುವ ಕತೆ ಅನ್ನುವುದನ್ನು ಯಾರೂ ಲೆಕ್ಕ ಹಾಕಲಿಲ್ಲ. ಹೊಸ ಅಲೆಯ ಕ್ಯಾಮೆರಾಕ್ಕೆ ಅಗ್ರಹಾರದ ನಡುಮನೆ, ಅಡಿಗೆಮನೆ, ಬಚ್ಚಲು ಎಲ್ಲ ಗೊತ್ತಿತ್ತು. ಹಟ್ಟಿಯ ದಾರಿ ಗೊತ್ತಿದ್ದದ್ದು ಕಡಿಮೆ.

ಹೀಗಂದ ಮಾತ್ರಕ್ಕೆ ಅವರೆಲ್ಲ ಆರಾಮ ಕುರ್ಚಿಯ ಬಂಡಾಯಗಾರರು ಅಂತ ನಾವು ಹೇಳುತ್ತಿಲ್ಲ. ಸ್ನೇಹಲತಾ ರೆಡ್ಡಿಯವರ ಹೆಸರು ಹೇಳಿದರೆ ನಮ್ಮ ದನಿ ತಗ್ಗುತ್ತದೆ. ಚಂದ್ರಿಯಾಗಿ ಒಂದು ಹೆಣದ ಮುಂದೆ ಕೂತಿದ್ದ ಆ ಹೆಂಗಸನ್ನು 1976ರ ಮೇ ತಿಂಗಳಲ್ಲಿ ಬರೋಡಾ ಡೈನಮೈಟ್ ಪ್ರಕರಣದ ಹೆಸರಿನಲ್ಲಿ ಹಿಡಿದು ಬೆಂಗಳೂರಿನ ಸೆಂಟ್ರಲ್ ಜೈಲಿಗೆ ಹಾಕಿದರು. ಆಕೆಗೆ ಆಸ್ತಮಾ. ಎಂಟು ತಿಂಗಳು ಉಸಿರಿಗಾಗಿ ಒದ್ದಾಡಿದರು. ಜೈಲಿನಲ್ಲಿ ದಿನಚರಿ ಬರೆದರು. 1977ರ ಜನವರಿ 15ರಂದು ಪೆರೋಲಿನ ಮೇಲೆ ಬಿಟ್ಟರು, 20ರಂದು ತೀರಿಕೊಂಡರು. ಐದು ದಿನ. ಸಿನಿಮಾವನ್ನು ತಡೆಯುವ ಕತ್ತರಿ, ಸಿನಿಮಾದಲ್ಲಿ ನಟಿಸಿದವರ ಉಸಿರನ್ನೂ ತಡೆಯಬಲ್ಲದು ಅಂತ ಆಗ ಗೊತ್ತಾಯಿತು. ಅದೇ ಕಾಲದಲ್ಲಿ ಅಮೃತ್ ನಹಾಟಾ ಅವರ ‘ಕಿಸ್ಸಾ ಕುರ್ಸೀ ಕಾ’ ಚಿತ್ರದ ನೆಗೆಟಿವ್‌ಗಳನ್ನೇ ಸುಟ್ಟುಹಾಕಿದರು. ಅದು ಎಲ್ಲರಿಗೂ ಗೊತ್ತಿರುವ ಕತೆ. ಸ್ನೇಹಲತಾ ಅವರದು ಗೊತ್ತಿರುವವರು ಕಡಿಮೆ. ಮೇಷ್ಟ್ರುಗಳು ತುರ್ತುಪರಿಸ್ಥಿತಿಯ ಪಾಠ ಮಾಡುವಾಗ ಈ ಹೆಸರನ್ನು ಸೇರಿಸಿಕೊಳ್ಳಬೇಕು.

ಕಾನೂನಿನ ಕಡೆ ಬರೋಣ. ಸಿನಿಮಾ ಕಾಯ್ದೆಯನ್ನು ಮೊದಲು ಮಾಡಿದವರು ಬ್ರಿಟಿಷರು, 1918ರಲ್ಲಿ. ಸ್ವತಂತ್ರ ಭಾರತ 1952ರಲ್ಲಿ ತನ್ನದೇ ಕಾಯ್ದೆ ಮಾಡಿಕೊಂಡಿತು, ಕತ್ತರಿಯನ್ನು ಮಾತ್ರ ಕೈಬಿಡಲಿಲ್ಲ. ಪುಸ್ತಕ ಅಚ್ಚಾಗುವ ಮುಂಚೆ ಯಾರಿಗೂ ತೋರಿಸಬೇಕಿಲ್ಲ, ನಾಟಕವನ್ನು ಬೀದಿಯಲ್ಲಿ ಆಡಬಹುದು, ಸಿನಿಮಾಕ್ಕೆ ಮಾತ್ರ ಮುಂಚಿತವಾಗಿ ಅಪ್ಪಣೆ ಬೇಕು. ಇದನ್ನು ಪ್ರಶ್ನಿಸಿದವರು ಕೆ.ಎ. ಅಬ್ಬಾಸ್. ನಾಲ್ಕು ನಗರಗಳ ಬಡವರ ಬದುಕನ್ನು ಶ್ರೀಮಂತರ ಬದುಕಿನ ಪಕ್ಕ ಇಟ್ಟು ತೋರಿಸಿದ ಅವರ ಕಿರುಚಿತ್ರಕ್ಕೆ ಸೆನ್ಸಾರಿನವರು ಕತ್ತರಿ ಹಿಡಿದಿದ್ದರು. ಸಿನಿಮಾ ಮನಸ್ಸನ್ನು ಬೇರೆ ಕಲೆಗಳಿಗಿಂತ ಆಳವಾಗಿ ಕಲಕುತ್ತದೆ, ಆದ್ದರಿಂದ ಮುಂಚಿನ ಪರಿಶೀಲನೆ ಸರಿ ಅಂತ ಸುಪ್ರೀಂ ಕೋರ್ಟು 1970ರಲ್ಲಿ ತೀರ್ಪು ಕೊಟ್ಟಿತು. ‘ಸಂಸ್ಕಾರ’ದ ವರ್ಷವೇ. ಅಂದರೆ ಓದು ಬಾರದವನಿಗೂ ತಲುಪುವ ಕಲೆ ಯಾವುದೋ ಅದರ ಮೇಲೆ ಕಾವಲು ಹೆಚ್ಚು. ಅಕ್ಷರಸ್ಥ ಏನು ಬೇಕಾದರೂ ಓದಿಕೊಳ್ಳಲಿ, ಹೆಬ್ಬೆಟ್ಟಿನವನು ಏನು ನೋಡಬೇಕು ಅಂತ ಮಾತ್ರ ನಾವು ಹೇಳುತ್ತೇವೆ, ಇದು ಅದರ ಒಳಗಿನ ಮಾತು ಅಂತ ನಾವು ತಿಳಿಯುತ್ತೇವೆ.

ಇಲ್ಲಿ ಒಬ್ಬ ಕನ್ನಡಿಗನನ್ನು ನೆನೆಯಬೇಕು. ಬಸವರಾಜ ಕಟ್ಟೀಮನಿಯವರ ‘ಮಾಡಿ ಮಡಿದವರು’ ಕಾದಂಬರಿಯನ್ನು ಸಿನಿಮಾ ಮಾಡಿದ ಕೆ.ಎಂ. ಶಂಕರಪ್ಪ. ಸೆನ್ಸಾರ್ ಮಂಡಳಿಯೂ ಅದರ ಮೇಲಿನ ನ್ಯಾಯಮಂಡಳಿಯೂ ನೋಡಿ ಒಪ್ಪಿದ ಚಿತ್ರವನ್ನು ದೆಹಲಿಯ ಸರ್ಕಾರ ಮತ್ತೆ ಕೈಗೆತ್ತಿಕೊಂಡು ಬೇಡ ಅನ್ನುವ ಅಧಿಕಾರ ಕಾಯ್ದೆಯ 6ನೇ ಕಲಮಿನಲ್ಲಿತ್ತು. ಶಂಕರಪ್ಪ ಅದನ್ನು ಹೈಕೋರ್ಟಿನಲ್ಲಿ ಪ್ರಶ್ನಿಸಿದರು. 1990ರ ಏಪ್ರಿಲಿನಲ್ಲಿ ಕರ್ನಾಟಕ ಹೈಕೋರ್ಟು ಆ ಅಧಿಕಾರ ಸಂವಿಧಾನಕ್ಕೆ ವಿರುದ್ಧ ಅಂದಿತು. ಸರ್ಕಾರ ಮೇಲೆ ಹೋಯಿತು. 2000ದಲ್ಲಿ ಸುಪ್ರೀಂ ಕೋರ್ಟು ಹೈಕೋರ್ಟಿನ ಮಾತನ್ನೇ ಎತ್ತಿ ಹಿಡಿಯಿತು. ಗಲಾಟೆಯಾಗುತ್ತದೆ ಅಂತ ಚಿತ್ರ ನಿಲ್ಲಿಸಬೇಡಿ, ಗಲಾಟೆ ನಿಲ್ಲಿಸುವುದು ನಿಮ್ಮ ಕೆಲಸ ಅಂತ ಸರ್ಕಾರಕ್ಕೆ ಹೇಳಿದ ಹಾಗಾಯಿತು. ಒಂದು ವಿಚಿತ್ರ ನೋಡಿ. 1970ರಲ್ಲಿ ‘ಸಂಸ್ಕಾರ’ವನ್ನು ಬಿಡಿಸಿದ್ದೂ ದೆಹಲಿಯ ಕೈಯೇ. ಆ ಕೈ ಬಿಡಿಸಬಲ್ಲದಾದರೆ ಹಿಡಿಯಲೂ ಬಲ್ಲದು. ದೊರೆಯ ಕೃಪೆಯಿಂದ ತೆಗೆದ ಬಾಗಿಲು ಹಕ್ಕಲ್ಲ ಅನ್ನುವುದನ್ನು ಶಂಕರಪ್ಪ ಸರಿಯಾಗಿ ಹಿಡಿದರು.

ಆದರೆ 2021ರಲ್ಲಿ ಆ ನ್ಯಾಯಮಂಡಳಿಯನ್ನೇ ರದ್ದು ಮಾಡಿದರು. ಈಗ ಮಂಡಳಿ ಬೇಡ ಅಂದರೆ ನೆಟ್ಟಗೆ ಹೈಕೋರ್ಟು. ಕೋಟಿ ಹಾಕಿದ ನಿರ್ಮಾಪಕನಿಗೆ ವಕೀಲರಿದ್ದಾರೆ. ಸಾಲ ಮಾಡಿ ಸಿನಿಮಾ ಮಾಡಿದ ಹಳ್ಳಿಯ ಹುಡುಗ ಏನು ಮಾಡಬೇಕು? ಅದೇ ವರ್ಷ ಸರ್ಕಾರದ ಮರುಪರಿಶೀಲನೆಯ ಅಧಿಕಾರವನ್ನು ಮತ್ತೆ ತರುವ ಕರಡನ್ನೂ ಹೊರಡಿಸಿದರು. ಸಿನಿಮಾದವರು ಗಟ್ಟಿಯಾಗಿ ಕೂಗಿದರು. 2023ರ ತಿದ್ದುಪಡಿ ಕಾಯ್ದೆಯಲ್ಲಿ ಅದು ಬರಲಿಲ್ಲ.

ಇನ್ನು ನಮ್ಮನ್ನು ನಿಜವಾಗಿ ಇಕ್ಕಟ್ಟಿಗೆ ಸಿಕ್ಕಿಸುವ ಪ್ರಶ್ನೆ. ಇದನ್ನು ನಾವು ಮುಚ್ಚಿಡುವುದಿಲ್ಲ, ನಮ್ಮ ಗೋಷ್ಠಿಗಳಲ್ಲಿ ಇದಕ್ಕೇ ಜಗಳವಾಗಿದೆ. 1987ರಲ್ಲಿ ತಮಿಳಿನಲ್ಲಿ ‘ಒರೇ ಒರು ಗ್ರಾಮತ್ತಿಲೇ’ ಅಂತ ಒಂದು ಚಿತ್ರ ಬಂತು. ಗಾಯತ್ರಿ ಅನ್ನುವ ಬ್ರಾಹ್ಮಣ ಹುಡುಗಿ, ಕರುಪ್ಪಾಯಿ ಅಂತ ಹೆಸರು ಬದಲಿಸಿಕೊಂಡು, ಆದಿದ್ರಾವಿಡಳು ಅಂತ ಸುಳ್ಳು ಜಾತಿ ಪ್ರಮಾಣಪತ್ರ ಪಡೆದು ಐಎಎಸ್ ಅಧಿಕಾರಿಯಾಗುವ ಕತೆ. ಮೀಸಲಾತಿ ಜಾತಿಯ ಮೇಲೆ ಇರಬಾರದು ಅನ್ನುವುದೇ ಅದರ ವಾದ. ಸುಳ್ಳು ಪ್ರಮಾಣಪತ್ರದಿಂದ ನಮ್ಮ ಮಕ್ಕಳ ಅನ್ನ ಕದ್ದವಳು ಆ ಸಿನಿಮಾದಲ್ಲಿ ನಾಯಕಿ! ವಿರೋಧ ಬಂತು, ಮದರಾಸ್ ಹೈಕೋರ್ಟು ಪ್ರಮಾಣಪತ್ರ ರದ್ದು ಮಾಡಿತು. 1989ರಲ್ಲಿ ಸುಪ್ರೀಂ ಕೋರ್ಟು ವಾಪಸು ಕೊಟ್ಟಿತು. ತೀರ್ಪು ಬರೆದವರು ನಮ್ಮ ಕರಾವಳಿಯ ಕಡೆಯ ನ್ಯಾಯಮೂರ್ತಿ ಕೆ. ಜಗನ್ನಾಥ ಶೆಟ್ಟಿ. ಬೆದರಿಕೆಗೆ ಮಣಿದು ಮಾತಾಡುವ ಸ್ವಾತಂತ್ರ್ಯವನ್ನು ಹತ್ತಿಕ್ಕಲಾಗದು ಅಂದರು. ಇವತ್ತಿಗೂ ಸೆನ್ಸಾರ್ ವಿರುದ್ಧ ಹೋರಾಡುವವರೆಲ್ಲ ಕೈಗೆತ್ತಿಕೊಳ್ಳುವ ತೀರ್ಪು ಇದೇ.

ನಾವು ಏನು ಹೇಳಬೇಕು? ನಮ್ಮಲ್ಲಿ ಕೆಲವರು ಅಂಥ ಚಿತ್ರ ತಡೆಯಬೇಕಿತ್ತು ಅನ್ನುತ್ತಾರೆ. ಅವರ ಸಿಟ್ಟು ನಮಗೆ ಅರ್ಥವಾಗುತ್ತದೆ. ಆದರೂ ನಾವು ತಡೆಯಬಾರದು ಅನ್ನುವ ಕಡೆಯವರು. ಯಾಕೆಂದರೆ ಕತ್ತರಿಯನ್ನು ಒಂದು ಸಲ ಒಪ್ಪಿಕೊಂಡರೆ ಅದು ನಮ್ಮ ಕೈಗೆ ಬರುವುದಿಲ್ಲ, ಯಾರ ಕೈಯಲ್ಲಿತ್ತೋ ಅವರ ಕೈಯಲ್ಲೇ ಉಳಿಯುತ್ತದೆ. ಇದಕ್ಕೆ ಸಾಕ್ಷಿ ದೂರದಲ್ಲಿಲ್ಲ. ಗುಂಡ್ಲುಪೇಟೆಯಿಂದ ಬಂಡೀಪುರದ ಕಾಡು ಹೊಕ್ಕು ಮೂಲೆಹೊಳೆ ದಾಟಿದರೆ ಮುತ್ತಂಗ. 2003ರ ಫೆಬ್ರವರಿಯಲ್ಲಿ ಅಲ್ಲಿ ಸಿ.ಕೆ. ಜಾನು ಅವರ ಜೊತೆ ನೆಲ ಕೇಳಿ ಗುಡಿಸಲು ಹಾಕಿದ್ದ ಆದಿವಾಸಿಗಳ ಮೇಲೆ ಪೊಲೀಸರು ಗುಂಡು ಹಾರಿಸಿದರು. ಆ ಬಗೆಯ ದಲಿತ ಆದಿವಾಸಿ ಭೂಹೋರಾಟಗಳಿಂದ ಹುಟ್ಟಿದ ಚಿತ್ರ ಜಯನ್ ಚೆರಿಯನ್ ಅವರ ‘ಪಪಿಲಿಯೋ ಬುದ್ಧ’. 2012ರಲ್ಲಿ ಸೆನ್ಸಾರಿನವರು ಅದಕ್ಕೆ ಪ್ರಮಾಣಪತ್ರ ನಿರಾಕರಿಸಿದರು. ಗಾಂಧಿಯವರಿಗೆ ಅವಮಾನವಾಗಿದೆ ಅನ್ನುವುದು ಅವರ ಒಂದು ಮುಖ್ಯ ಕಾರಣ. ಮಾತು ಅಡಗಿಸಿ 2013ರಲ್ಲಿ ಬಿಟ್ಟರು. ಮೀಸಲಾತಿಯನ್ನು ಬೈದ ಚಿತ್ರಕ್ಕೆ ವಾಕ್‌ಸ್ವಾತಂತ್ರ್ಯ ಪೂರ್ತಿ ಸಿಕ್ಕಿತು. ಬಾಬಾಸಾಹೇಬರ ಕಡೆ ನಿಂತು ಗಾಂಧಿಯವರನ್ನು ಪ್ರಶ್ನಿಸಿದ ಚಿತ್ರಕ್ಕೆ ಅರ್ಧ ಬಾಯಿ.

ಮೊನ್ನೆ ಮೊನ್ನೆಯದು ಕೇಳಿ. ಜೋತಿಬಾ ಮತ್ತು ಸಾವಿತ್ರಿಬಾಯಿ ಅವರ ಮೇಲೆ ಅನಂತ್ ಮಹಾದೇವನ್ ಮಾಡಿದ ‘ಫುಲೆ’ ಚಿತ್ರ 2025ರ ಏಪ್ರಿಲ್ 11ಕ್ಕೆ, ಫುಲೆ ಜಯಂತಿಯ ದಿನ, ಬರಬೇಕಿತ್ತು. ಬ್ರಾಹ್ಮಣ ಸಂಘಟನೆಗಳ ಆಕ್ಷೇಪ ಬಂತು. ‘ಮಹಾರ್’, ‘ಮಾಂಗ್’, ‘ಪೇಶ್ವಾಯಿ’ ಅನ್ನುವ ಮಾತು ತೆಗೆಯಿರಿ, ಮನುವಿನ ಜಾತಿವ್ಯವಸ್ಥೆಯ ಮಾತು ತೆಗೆಯಿರಿ, ಮೂರು ಸಾವಿರ ವರ್ಷದ ಗುಲಾಮಗಿರಿ ಅನ್ನಬೇಡಿ ಅಂತ ಮಂಡಳಿ ಹೇಳಿತು. ಚಿತ್ರ 25ಕ್ಕೆ ಹೋಯಿತು.

ಜಾತಿಯ ಹೆಸರು ತೆಗೆದರೆ ಒಳ್ಳೆಯದೇ ಅಲ್ಲವೇ, ದಲಿತರಿಗೆ ಮರ್ಯಾದೆ ಕೊಟ್ಟ ಹಾಗಲ್ಲವೇ ಅಂತ ಒಬ್ಬ ಮೇಷ್ಟ್ರು ನಮ್ಮನ್ನು ಕೇಳಿದರು. ಒಳ್ಳೆಯ ಮನಸ್ಸಿನಿಂದಲೇ ಕೇಳಿದರು. ಅವರಿಗೆ ಹೇಳಿದ್ದನ್ನು ಇಲ್ಲೂ ಹೇಳುತ್ತೇವೆ. ಬೀದಿಯಲ್ಲಿ ನಿಂತು ಜಾತಿ ಹಿಡಿದು ಬೈಯುವವನನ್ನು ಹಿಡಿಯಲು 1989ರ ದೌರ್ಜನ್ಯ ತಡೆ ಕಾಯ್ದೆ ಇದೆ. ಅದು ಬೇರೆ, ಚರಿತ್ರೆಯ ಬಾಯಿ ಕಟ್ಟುವುದು ಬೇರೆ. ಫುಲೆ ದಂಪತಿಗಳ ಶಾಲೆಯಲ್ಲಿ ಓದಿದ ಮುಕ್ತಾ ಸಾಳ್ವೆ ಅನ್ನುವ ಮಾಂಗ್ ಹುಡುಗಿ 1855ರಲ್ಲಿ ಒಂದು ಪ್ರಬಂಧ ಬರೆದಳು. ಮಾಂಗರ ಮತ್ತು ಮಹಾರರ ದುಃಖದ ಬಗ್ಗೆ ಅನ್ನುವುದೇ ಅದರ ತಲೆಬರಹ. ಆಗ ಅವಳಿಗೆ ಹದಿನಾಲ್ಕರ ಪ್ರಾಯ. ಸೆನ್ಸಾರಿನ ಈ ಲೆಕ್ಕ ಹಿಡಿದರೆ ಅವಳ ಪ್ರಬಂಧದ ಹೆಸರನ್ನೂ ತೆರೆಯ ಮೇಲೆ ಹೇಳುವ ಹಾಗಿಲ್ಲ. 1927ರಲ್ಲಿ ಮಹಾಡಿನಲ್ಲಿ ಸುಟ್ಟ ಪುಸ್ತಕ ಯಾವುದು ಅಂತ ನಾಳೆ ಹುಡುಗರು ಕೇಳಿದರೆ ಯಾವುದೋ ಹಳೇ ಪುಸ್ತಕ ಕಣ್ರೋ ಅನ್ನಬೇಕೇ?

ಕತ್ತರಿಯೇ ಬೀಳದ ಚಿತ್ರಗಳ ಬಗ್ಗೆಯೂ ಒಂದೆರಡು ಮಾತು. ಪುಣಜನೂರಿನ ಜನಕ್ಕೆ ರಾಜಕುಮಾರ್ ಅಂದರೆ ಮನೆಯ ಮಗ, ಗಾಜನೂರು ಇಲ್ಲೇ ಗಡಿಯಾಚೆ. ನಾವೂ ಅವರ ಅಭಿಮಾನಿಗಳೇ. 1973ರ ‘ಗಂಧದ ಗುಡಿ’ಯನ್ನು ಟೆಂಟಿನಲ್ಲಿ ಎಷ್ಟು ಸಲ ನೋಡಿದೆವೋ ಲೆಕ್ಕವಿಲ್ಲ. ಆ ಚಿತ್ರ ಕಾಡನ್ನು ಅರಣ್ಯಾಧಿಕಾರಿಯ ಕಣ್ಣಿನಿಂದ ತೋರಿಸಿತು. ಮರುವರ್ಷ, 1974ರಲ್ಲಿ, ಬಿಳಿಗಿರಿರಂಗನ ಬೆಟ್ಟ ವನ್ಯಧಾಮವಾಯಿತು. ಸೋಲಿಗರನ್ನು ಕಾಡಿನ ಪೋಡುಗಳಿಂದ ಎಬ್ಬಿಸಿ ರಸ್ತೆ ಬದಿಯ ಕಾಲೋನಿಗಳಿಗೆ ತಂದರು. ಬೇಟೆ ನಿಂತಿತು, ಬೇಸಾಯ ನಿಂತಿತು, ಕಾಡಿನ ಆರೋಗ್ಯಕ್ಕೆ ಅಂತ ಅವರು ಹಾಕುತ್ತಿದ್ದ ತರಗು ಬೆಂಕಿ ಅಪರಾಧವಾಯಿತು. 2011ರಲ್ಲಿ ಹುಲಿ ಸಂರಕ್ಷಿತ ಪ್ರದೇಶವಾಯಿತು. ಅರಣ್ಯ ಹಕ್ಕು ಕಾಯ್ದೆಯಡಿ ಸಮುದಾಯದ ಹಕ್ಕುಪತ್ರ ಪೋಡುಗಳಿಗೆ ಸಿಗುವಾಗಲೂ ಅದೇ ವರ್ಷ ಬಂದಿತ್ತು, ಅದೂ ಹೋರಾಟ ಮಾಡಿ. ಈ ಮೂವತ್ತೇಳು ವರ್ಷದ ಕತೆಯನ್ನು ಯಾವ ಸೆನ್ಸಾರೂ ತಡೆದಿಲ್ಲ. ತಡೆಯುವ ಅಗತ್ಯ ಬರಲಿಲ್ಲ. ಕ್ಯಾಮೆರಾ ಅವರ ಕೈಯಲ್ಲಿರಲಿಲ್ಲ, ಫಿಲ್ಮಿನ ರೀಲು ಕೊಳ್ಳುವ ದುಡ್ಡಿರಲಿಲ್ಲ, ತೋರಿಸಲು ಟಾಕೀಸು ಇರಲಿಲ್ಲ. ಮದರಾಸು, ಬೆಂಗಳೂರು, ಮುಂಬಯಿಯ ಕತ್ತರಿಗಿಂತ ಮುಂಚೆಯೇ ಬೀಳುವ ಕತ್ತರಿ ಇದು.

ಕಲಾಚಿತ್ರದ ಗೆಳೆಯರ ಜೊತೆ ನಮ್ಮ ತಕರಾರು ಇಷ್ಟೇ. ನೀವು ಸೆನ್ಸಾರಿನ ವಿರುದ್ಧ ಕೋರ್ಟಿಗೆ ಹೋದಾಗ ನಾವು ನಿಮ್ಮ ಜೊತೆ ಇದ್ದೇವೆ, ಇರುತ್ತೇವೆ. ಆದರೆ ನಮ್ಮ ಊರಿಗೆ ನಿಮ್ಮ ಚಿತ್ರ ಬರುವುದೇ ಇಲ್ಲ. ಸ್ವರ್ಣಕಮಲ ಬಂದ ಮೂರು ಚಿತ್ರಗಳಲ್ಲಿ ಒಂದನ್ನೂ ಈ ಸೀಮೆಯ ಟೂರಿಂಗ್ ಟಾಕೀಸಿನಲ್ಲಿ ನಾವು ನೋಡಲಿಲ್ಲ. ನೋಡಿದ್ದು ಎಷ್ಟೋ ವರ್ಷಗಳಾದ ಮೇಲೆ, ಹಾಸ್ಟೆಲಿನ ಟೀವಿಯಲ್ಲಿ. ಜನ ನೋಡದ ಚಿತ್ರದ ಸ್ವಾತಂತ್ರ್ಯಕ್ಕಾಗಿ ಜನ ಬೀದಿಗೆ ಬರಬೇಕು ಅಂದರೆ ಹೇಗೆ? ಮರಾಠಿಯ ನಾಗರಾಜ ಮಂಜುಳೆಯವರ ‘ಫಂಡ್ರಿ’ಯನ್ನು ನಾವು ಅದೇ ಬಿಳಿ ಪಂಚೆಯ ಮೇಲೆ ತೋರಿಸಿದಾಗ, ಕೊನೆಯಲ್ಲಿ ಆ ಹುಡುಗ ನಮ್ಮ ಕಡೆಗೇ ಕಲ್ಲು ಬೀಸಿದಾಗ, ಭಾಷೆ ಬಾರದ ಜನವೂ ಎದ್ದು ನಿಂತರು. ಹಂದಿ ಹಿಡಿಯುವವರ ಮನೆಯ ಆ ಹುಡುಗ ಅವರಿಗೆ ಗೊತ್ತಿದ್ದ ಹುಡುಗ.

ಆ ರಾತ್ರಿಯ ಮುದುಕಿಗೆ ನಾವು ಆಮೇಲೆ ಕಾದಂಬರಿಯಲ್ಲಿ ಇದ್ದದ್ದನ್ನು ಹೋಗಿ ಹೇಳಿದೆವು. ಗುಡಿಸಲಿಗೆ ಬೆಂಕಿ ಹಾಕಿದ್ದು, ಬೆಳ್ಳಿಯ ಅಪ್ಪ ಅವ್ವ ಅದರಲ್ಲೇ ಹೋದದ್ದು. ಅವಳು ಎಲೆ ಅಡಿಕೆ ಹಾಕಿಕೊಳ್ಳುತ್ತಾ ಕೇಳಿದಳು, ಸ್ವಲ್ಪ ಹೊತ್ತು ಸುಮ್ಮನಿದ್ದಳು.

“ಆ ಮಗಿ ಏನಾದ್ಲು?” ಅಂದಳು. “ಆ ಬೆಳ್ಳಿ?”